ಬೆಕ್ಕಿನ ಸ್ನಾನ

ಬೆಕ್ಕಿನ ಸ್ನಾನವೆಂದರೆ ಸಾಕುಬೆಕ್ಕಿನ ಮೈಯನ್ನು ನೀರಿನಿಂದ ತೊಳೆದು ಶುಚಿಗೊಳಿಸುವ ಕ್ರಮ. ಆರೋಗ್ಯವಂತ ಬೆಕ್ಕಿಗೆ ಇದು ಸಾಮಾನ್ಯವಾಗಿ ಅನಗತ್ಯ. ಅನಿವಾರ್ಯವಾದಾಗ, ಅಂಜುಬುರುಕ ಬೆಕ್ಕಿನ ಭಯವನ್ನು ತಗ್ಗಿಸಿ ಸ್ನಾನ ಮಾಡಿಸುವ ವಿಧಾನವನ್ನು ಇಲ್ಲಿ ವಿವರಿಸಲಾಗಿದೆ.

ಹಿನ್ನೆಲೆ

ಬೆಕ್ಕಿನ ನಾಲಿಗೆಯ ಮೇಲೆ ಹಿಂದಕ್ಕೆ ಬಾಗಿದ ಸಣ್ಣ ಮುಳ್ಳುಗಳಿವೆ. ಇವು ಬಾಚಣಿಗೆಯಂತೆ ಕೂದಲನ್ನು ಬಿಡಿಸಿ, ಜೊಲ್ಲನ್ನು ಚರ್ಮದವರೆಗೆ ಒಯ್ಯುತ್ತವೆ. ಎಚ್ಚರವಿರುವ ಹೊತ್ತಿನ ಗಣನೀಯ ಭಾಗವನ್ನು ಬೆಕ್ಕು ಮೈ ನೆಕ್ಕಿಕೊಳ್ಳುವುದರಲ್ಲಿಯೇ ಕಳೆಯುತ್ತದೆ. ಬೆಕ್ಕಿನ ಕುಲವೆಲ್ಲ ನೀರಿಗೆ ಹೆದರುತ್ತದೆಂಬ ನಂಬಿಕೆ ಮಾತ್ರ ಸರಿಯಲ್ಲ. ಪಶ್ಚಿಮ ಬಂಗಾಳದ ರಾಜ್ಯಪ್ರಾಣಿಯಾದ ಮೀನುಗಾರ ಬೆಕ್ಕು ನೀರಿಗಿಳಿದು ಈಜಿಯೇ ಬೇಟೆಯಾಡುತ್ತದೆ.

ಸ್ನಾನದ ಅಗತ್ಯ

ವಾಹನಗಳಡಿ ಮಲಗುವ ಬೆಕ್ಕಿನ ಮೈಗೆ ಎಂಜಿನ್ ಎಣ್ಣೆ, ಬಣ್ಣ, ಸೀಮೆಎಣ್ಣೆ ಅಂಟುವುದುಂಟು. ಅದನ್ನು ನೆಕ್ಕಿದರೆ ವಿಷವು ಹೊಟ್ಟೆ ಸೇರುತ್ತದೆ. ಇಂತಹ ಬೆಕ್ಕನ್ನು ತೊಳೆದ ಮೇಲೂ ಪಶುವೈದ್ಯರಿಗೆ ತೋರಿಸತಕ್ಕದ್ದು. ಕೆಲವು ಚರ್ಮರೋಗಗಳಲ್ಲಿ, ಮೈ ನೆಕ್ಕಿಕೊಳ್ಳಲಾರದ ಮುಪ್ಪಿನಲ್ಲಿ, ಕೂದಲಿಲ್ಲದ ಸ್ಫಿಂಕ್ಸ್ ತಳಿಯಲ್ಲಿಯೂ ಸ್ನಾನ ಬೇಕಾಗುತ್ತದೆ. ಕೇವಲ ಧೂಳಾಗಿದ್ದರೆ ಒದ್ದೆಬಟ್ಟೆಯಿಂದ ಒರೆಸಿದರೆ ಸಾಕು.

ವಿಧಾನ

ಸಿದ್ಧತೆಯೆಲ್ಲ ಬೆಕ್ಕು ಬರುವ ಮೊದಲೇ ಮುಗಿದಿರಬೇಕು. ಮೈಯ ಸಿಕ್ಕು ಬಿಡಿಸಿ, ಸಾಧ್ಯವಾದರೆ ಹಿಂದಿನ ದಿನವೇ ಉಗುರಿನ ತುದಿ ಕತ್ತರಿಸಿರಬೇಕು. ಬೋಗುಣಿಯ ತಳದಲ್ಲಿ ಗೋಣಿತಾಟನ್ನೋ ದಪ್ಪ ಟವೆಲನ್ನೋ ಹಾಸಬೇಕು. ಕಾಲು ಜಾರುವುದೇ ಬೆಕ್ಕಿನ ಗಾಬರಿಗೆ ಒಂದು ಮುಖ್ಯ ಕಾರಣವಾದರೂ, ಜನ ಇದನ್ನು ಗಮನಿಸುವುದು ಕಡಿಮೆ. ನೀರು ನಾಲ್ಕು ಬೆರಳಿನಷ್ಟು ಆಳ, ಉಗುರುಬೆಚ್ಚಗೆ ಇದ್ದರೆ ಸಾಕು. ನಮ್ಮ ಬಚ್ಚಲುಮನೆಯ ಹಂಡೆಯ ಬಿಸಿನೀರು ಅದಕ್ಕೆ ಹೆಚ್ಚಾಯಿತು. ನಲ್ಲಿಯ ಸದ್ದು ಹೆದರಿಸುವುದರಿಂದ ನೀರನ್ನು ಮೊದಲೇ ತುಂಬಿಡಬೇಕು, ಷವರ್ ಬಳಸಬಾರದು.

ಇಬ್ಬರಿದ್ದರೆ ಕೆಲಸ ಸುಲಭ. ಒಬ್ಬರು ಎದೆಯ ಕೆಳಗೆ ಕೈಯಿಟ್ಟು ಮೆಲ್ಲನೆ ಹಿಡಿಯಬೇಕು. ಕುತ್ತಿಗೆಯ ಚರ್ಮ ಹಿಡಿದೆತ್ತುವುದು ತಪ್ಪು. ಇನ್ನೊಬ್ಬರು ಚೊಂಬಿನಿಂದ ಹೆಗಲಿನಿಂದ ಬಾಲದತ್ತ ನೀರು ಹನಿಸಬೇಕು. ಮುಖವನ್ನು ಒದ್ದೆಬಟ್ಟೆಯಿಂದ ಒರೆಸುವುದು ಕ್ಷೇಮ. ಕಿವಿಗೆ ನೀರು ಹೋಗಬಾರದು. ಶಾಂಪೂ ಚೂರೂ ಉಳಿಯದಂತೆ ತೊಳೆದು, ಟವೆಲಿನಲ್ಲಿ ಸುತ್ತಿ ಒತ್ತಿ, ಬೆಚ್ಚಗಿನ ಕೋಣೆಯಲ್ಲಿ ಬಿಡಬೇಕು. ಕಿವಿ ತಲೆಗಂಟಿದರೆ, ಕಣ್ಣಿನ ಪಾಪೆ ಹಿಗ್ಗಿದರೆ, ಬೆಕ್ಕು ಬಾಯ್ದೆರೆದು ಏದುಸಿರು ಬಿಟ್ಟರೆ ಸ್ನಾನವನ್ನು ಅಲ್ಲಿಗೇ ನಿಲ್ಲಿಸಬೇಕು. ಬಿಸಿಹಾಲಿಗೆ ಬಾಯಿ ಸುಟ್ಟುಕೊಂಡು ಹಾಲು ಕಂಡರೆ ಓಡುತ್ತಿದ್ದ ತೆನಾಲಿ ರಾಮಕೃಷ್ಣನ ಬೆಕ್ಕಿನ ಕಥೆ ಕನ್ನಡಿಗರಿಗೆ ತಿಳಿದದ್ದೇ. ಬಲವಂತದ ಸ್ನಾನವೂ ಅಂತಹ ನೆನಪನ್ನೇ ಉಳಿಸುತ್ತದೆ.

ಬಳಸಬಾರದ ವಸ್ತುಗಳು

ಬೆಕ್ಕಿನ ಯಕೃತ್ತಿಗೆ ಫೀನಾಲ್ ವರ್ಗದ ರಾಸಾಯನಿಕಗಳನ್ನು ವಿಭಜಿಸುವ ಶಕ್ತಿ ತೀರ ಕಡಿಮೆ. ಆದುದರಿಂದ ಫಿನೈಲನ್ನೋ ಮನೆಯ ಕ್ರಿಮಿನಾಶಕ ದ್ರವವನ್ನೋ ಸ್ನಾನದ ನೀರಿಗೆ ಬೆರೆಸುವ ಅಭ್ಯಾಸ ಅಪಾಯಕರ. ನಾಯಿಗಳ ಉಣ್ಣೆಗಾಗಿ ಮಾರುವ, ಪರ್ಮೆಥ್ರಿನ್ ಇರುವ ಔಷಧಗಳಿಂದ ಬೆಕ್ಕಿಗೆ ನಡುಕ, ಸೆಳೆತ ಉಂಟಾಗಿ ಸಾವೂ ಸಂಭವಿಸಬಹುದು. ಟೀ ಟ್ರೀ ಎಣ್ಣೆಯೂ ವಿಷವೇ. ಸೀಗೆಕಾಯಿ ಕಣ್ಣಿಗೆ ಉರಿ ತರುತ್ತದೆ. ಬೆಕ್ಕಿಗೆಂದೇ ತಯಾರಿಸಿದ ಶಾಂಪೂ ಒಂದೇ ಯೋಗ್ಯ.

ಕಡಿತ ಮತ್ತು ಪರಚು

ಬೆಕ್ಕಿನ ಹಲ್ಲು ಸೂಜಿಯಂತೆ ಆಳಕ್ಕಿಳಿಯುವುದರಿಂದ, ಸಣ್ಣದಾಗಿ ಕಾಣುವ ಗಾಯವೂ ಬೇಗ ಕೀವುಗಟ್ಟಬಹುದು. ಭಾರತದಲ್ಲಿ ರೇಬಿಸ್ ಭೀತಿಯೂ ಇದೆ. ಕಚ್ಚಿದ ಅಥವಾ ಪರಚಿದ ಜಾಗವನ್ನು ಸಾಬೂನು ಹಚ್ಚಿ, ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು, ತಡಮಾಡದೆ ವೈದ್ಯರನ್ನು ಕಾಣತಕ್ಕದ್ದು.