ಬಾವುಟ ಕಳಚಿದ ಕಥೆ: ಕಾರೆಲ್ ಜೆಮನ್ ತೆರೆಗೆ ತಂದ ಜೂಲ್ ವರ್ನ್

ಚೆಕ್ ನಿರ್ದೇಶಕ ಕಾರೆಲ್ ಜೆಮನ್ (1910–1989) ಜ್ಲೀನ್ ನಗರದ ಸ್ಟುಡಿಯೊದಲ್ಲಿ ಬೊಂಬೆಚಿತ್ರಗಳಿಂದ ಆರಂಭಿಸಿ ವರ್ನನ ಸಾಹಸ ಕಾದಂಬರಿಗಳತ್ತ ಹೊರಳಿದವರು. ‘ವಿನಾಶದ ಆವಿಷ್ಕಾರ’ (1958) ಚಿತ್ರದಲ್ಲಿ ರಂಗಸಜ್ಜಿಕೆಗೂ ಉಡುಪಿಗೂ ಗೆರೆ ಎಳೆಸಿ, ವರ್ನನ ಹಳೆಯ ಆವೃತ್ತಿಗಳ ಕೆತ್ತನೆಚಿತ್ರಗಳೇ ನಡೆದಾಡುವಂತೆ ಮಾಡಿದರು. ಆ ವರ್ಷದ ಬ್ರಸೆಲ್ಸ್ ಚಿತ್ರೋತ್ಸವದಲ್ಲಿ ಅದಕ್ಕೆ ಅಗ್ರ ಬಹುಮಾನ ಬಂತು. ಅಲ್ಲಿಂದ ಒಂದು ಮಾತು ರೂಢಿಯಾಗಿದೆ: ಜೆಮನ್ ಕೆತ್ತನೆಗೆ ನಿಷ್ಠರು, ಕಥೆಯಲ್ಲಿ ಸ್ವಚ್ಛಂದರು. ನನ್ನ ತಕರಾರು ಈ ಎರಡನ್ನು ಬೇರ್ಪಡಿಸುವುದರ ಬಗ್ಗೆ.

ಮೂಲ ಕಾದಂಬರಿ 1896ರದು. ಅದರ ಫ್ರೆಂಚ್ ಹೆಸರಿನ ಅರ್ಥವೇ ‘ಬಾವುಟದ ಎದುರು’. ಸರ್ಕಾರಗಳು ತನ್ನ ಸ್ಫೋಟಾಸ್ತ್ರವನ್ನು ಕೊಳ್ಳದೆ ಹೋದದ್ದರಿಂದ ಬುದ್ಧಿ ಕದಡಿದ ಫ್ರೆಂಚ್ ಆವಿಷ್ಕಾರಕ ತೋಮಾ ರೋಶ್, ಕಡಲ್ಗಳ್ಳರ ದ್ವೀಪದಲ್ಲಿ ಅದನ್ನು ಸಿದ್ಧಪಡಿಸುತ್ತಾನೆ. ಎದುರಿನ ಹಡಗಿನ ಮೇಲೆ ಫ್ರಾನ್ಸಿನ ತ್ರಿವರ್ಣ ಕಂಡಾಗ ಅವನ ಕೈ ತಡೆಯುತ್ತದೆ. ದ್ವೀಪವನ್ನೇ ಸಿಡಿಸಿ ತಾನೂ ಅಳಿಯುತ್ತಾನೆ. ಚಿತ್ರದ ರೋಶ್ ಕೂಡ ದ್ವೀಪವನ್ನು ಸಿಡಿಸುತ್ತಾನೆ. ಆದರೆ ಅವನನ್ನು ತಿರುಗಿಸುವುದು ದೇಶಾಭಿಮಾನವಲ್ಲ, ತನ್ನ ಆವಿಷ್ಕಾರ ಯಾವುದಕ್ಕೆ ಬಳಕೆಯಾಗಲಿದೆ ಎಂಬ ಅರಿವು.

ಈ ಬದಲಾವಣೆಗೂ ಕೆತ್ತನೆಯ ಶೈಲಿಗೂ ನಂಟಿದೆ ಎಂಬುದು ನನ್ನ ವಾದ. ವರ್ನನ ಕೊನೆಯ ತಿರುವು ನಿಂತಿರುವುದು ಮೂರು ಬಣ್ಣಗಳ ಮೇಲೆ. ಕಪ್ಪುಬಿಳುಪಿನ ಗೆರೆಗಳ ಲೋಕದಲ್ಲಿ ಯಾವ ದೇಶದ ಬಣ್ಣವೂ ಉಳಿದದ್ದರಿಂದ ಎದ್ದು ಕಾಣದು. ಒಂದೇ ಗೆರೆ ಅಲೆಯ ಮೇಲೆ, ಹಡಗಿನ ಮೇಲೆ, ಮನುಷ್ಯನ ಅಂಗಿಯ ಮೇಲೆ ಹರಿಯುತ್ತದೆ.

ಇದನ್ನು ಅತಿಯಾಗಿ ಎಳೆಯಬಾರದು. ಯೂರೋಪಿನ ಲಾಂಛನಶಾಸ್ತ್ರ ಲಂಬ ಗೆರೆಗಳಿಂದ ಕೆಂಪನ್ನೂ ಅಡ್ಡ ಗೆರೆಗಳಿಂದ ನೀಲಿಯನ್ನೂ ಸೂಚಿಸುತ್ತಿತ್ತು. ಬಾವುಟವನ್ನು ಗುರುತಿಸುವಂತೆ ತೋರಿಸುವುದು ಅಸಾಧ್ಯವೇನೂ ಆಗಿರಲಿಲ್ಲ. ಹಾಗಾಗಿ ಶೈಲಿಯೇ ಬಾವುಟವನ್ನು ಅಳಿಸಿತು ಎನ್ನಲಾರೆ. ಅದಿಲ್ಲದೆಯೂ ಕಥೆ ನಡೆಯಲು ಅನುವು ಮಾಡಿಕೊಟ್ಟಿತು ಎನ್ನಬಹುದು, ಅಷ್ಟೆ. ಬದಲಾವಣೆಗೆ ಕಾಲವೂ ಕಾರಣ: ಹಿರೋಷಿಮಾದ ನಂತರ ಅಸ್ತ್ರವನ್ನು ಒಂದು ದೇಶದ ಮೇಲಿನ ಪ್ರೀತಿ ತಡೆದೀತೆಂದು ನಂಬಿಸುವುದು ಕಷ್ಟವಿತ್ತು. ಶಾಂತಿಯ ಮಾತು ಅಂದಿನ ಚೆಕೊಸ್ಲೊವಾಕಿಯದ ಅಧಿಕೃತ ಭಾಷೆಯೂ ಆಗಿತ್ತೆಂಬುದನ್ನು ಇಲ್ಲಿ ಮರೆಯುವಂತಿಲ್ಲ.

ನನ್ನ ವಾದಕ್ಕೆ ಗಟ್ಟಿ ಅಡ್ಡಿ ‘ಧೂಮಕೇತುವಿನ ಮೇಲೆ’ (1970). ವರ್ನನ ‘ಹೆಕ್ಟರ್ ಸರ್ವದಾಕ್’ ಆಧಾರಿತ ಆ ಚಿತ್ರದಲ್ಲಿ ಬಣ್ಣವಿದೆ. ಆದರೂ ದೇಶದೇಶಗಳ ಜಂಬವನ್ನು ಜೆಮನ್ ಅಲ್ಲಿಯೂ ಲೇವಡಿ ಮಾಡದೆ ಬಿಡಲಿಲ್ಲ. ಹಾಗಾದರೆ ಗೆರೆ ಅವರನ್ನು ಆ ವಿಚಾರಕ್ಕೆ ಕರೆದೊಯ್ದಿತೋ, ವಿಚಾರವೇ ಗೆರೆಯನ್ನು ಆರಿಸಿತೋ? ಎರಡು ಚಿತ್ರಗಳನ್ನು ದೃಶ್ಯ ದೃಶ್ಯವಾಗಿ ಹೋಲಿಸುವ ಕೆಲಸ ಇನ್ನೂ ಬಾಕಿಯಿದೆ.