ಲಾನ್ಸ್ ಟಾಡ್: ವೃತ್ತಿಪರ ರಗ್ಬಿ ಲೀಗಿನ ಆದಿಕಾಲದ ಒಂದು ಜೀವನ

ಆಟಕ್ಕೆ ಹಣ ಪಡೆಯುವುದು ಆಟದ ಘನತೆಗೆ ಕುಂದೆಂಬ ಭಾವನೆಯು ಹತ್ತೊಂಬತ್ತನೆಯ ಶತಮಾನದ ಇಂಗ್ಲೆಂಡಿನಲ್ಲಿ ಬಲವಾಗಿ ಬೇರೂರಿದ್ದಿತು. ಆದರೆ ಆ ಆದರ್ಶವನ್ನು ಪಾಲಿಸಲು ತೆರಬೇಕಾದ ಬೆಲೆ ಎಲ್ಲ ವರ್ಗದವರಿಗೂ ಒಂದೇ ಆಗಿರಲಿಲ್ಲ. ನ್ಯೂಜಿಲೆಂಡಿನಲ್ಲಿ ಜನಿಸಿ, ಇಂಗ್ಲೆಂಡಿನಲ್ಲಿ ಆಟಗಾರನಾಗಿಯೂ ತಂಡದ ವ್ಯವಸ್ಥಾಪಕನಾಗಿಯೂ ಬಾಳಿದ ಲಾನ್ಸ್ ಟಾಡನ (1883–1942) ಜೀವನವನ್ನು ಈ ದೃಷ್ಟಿಯಿಂದ ಪರಿಶೀಲಿಸುವುದು ಪ್ರಕೃತ ಲೇಖನದ ಉದ್ದೇಶ.

ಅಂಡಾಕಾರದ ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ರಗ್ಬಿ ಆಟವು ದಕ್ಷಿಣ ಇಂಗ್ಲೆಂಡಿನಲ್ಲಿ ಮುಖ್ಯವಾಗಿ ಸಿರಿವಂತರ ಶಾಲೆಗಳಲ್ಲಿ ಕಲಿತವರದಾಗಿತ್ತು. ಉತ್ತರದ ಯಾರ್ಕ್‌ಷೈರ್ ಮತ್ತು ಲ್ಯಾಂಕಷೈರ್ ಪ್ರಾಂತಗಳಲ್ಲಿಯಾದರೋ ಗಿರಣಿಯ ಕಾರ್ಮಿಕರೂ ಗಣಿಯ ಕೆಲಸಗಾರರೂ ಅದನ್ನು ಆಡುತ್ತಿದ್ದರು. ಪಂದ್ಯಕ್ಕಾಗಿ ಕೆಲಸ ಬಿಟ್ಟವನಿಗೆ ಆ ಹೊತ್ತಿನ ಕೂಲಿ ದೊರೆಯುತ್ತಿರಲಿಲ್ಲ. ಈ ನಷ್ಟವನ್ನು ತುಂಬಿಕೊಡಲು ರಗ್ಬಿಯ ಆಡಳಿತ ಮಂಡಲಿ ಸಮ್ಮತಿಸದಿದ್ದುದರಿಂದ, 1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್ ನಗರದ ಜಾರ್ಜ್ ಹೋಟೆಲಿನಲ್ಲಿ ಸಭೆ ಸೇರಿದ ಉತ್ತರದ ಸಂಘಗಳು ‘ನಾರ್ದರ್ನ್ ಯೂನಿಯನ್’ ಎಂಬ ಪ್ರತ್ಯೇಕ ಸಂಸ್ಥೆಯನ್ನು ಸ್ಥಾಪಿಸಿದವು. ದಿನವೊಂದಕ್ಕೆ ಆರು ಷಿಲಿಂಗುಗಳ ಪರಿಹಾರ ಅವು ಒಪ್ಪಿದ ಮಿತಿ. 1898ರಲ್ಲಿ ಬಹಿರಂಗವಾಗಿ ವೇತನ ಕೊಡಲು ಅನುಮತಿ ದೊರೆಯಿತು. ಆದರೂ ಆಟಗಾರನು ಬೇರೊಂದು ಉದ್ಯೋಗದಲ್ಲಿ ಇರಲೇಬೇಕೆಂಬ ನಿಬಂಧನೆ ಕೆಲವು ಕಾಲ ಉಳಿದಿತ್ತು. 1906ರಲ್ಲಿ ತಂಡದ ಆಟಗಾರರ ಸಂಖ್ಯೆಯನ್ನು ಹದಿನೈದರಿಂದ ಹದಿಮೂರಕ್ಕೆ ಇಳಿಸಲಾಯಿತು. 1922ರಲ್ಲಿ ಈ ಸಂಸ್ಥೆಯೇ ‘ರಗ್ಬಿ ಫುಟ್‌ಬಾಲ್ ಲೀಗ್’ ಎಂಬ ಹೆಸರನ್ನು ತಳೆಯಿತು.

1907ರಲ್ಲಿ ವೆಲ್ಲಿಂಗ್ಟನ್ ನಗರದ ಅಂಚೆ ಕಚೇರಿಯ ಗುಮಾಸ್ತನಾಗಿದ್ದ ಆಲ್ಬರ್ಟ್ ಬಾಸ್ಕರ್‌ವಿಲ್ ಎಂಬ ತರುಣನು ಇಂಗ್ಲೆಂಡಿಗೆ ತಂಡವೊಂದನ್ನು ಕೊಂಡೊಯ್ಯುವ ಏರ್ಪಾಡು ಮಾಡಿದನು. ಆಟಗಾರರು ತಲಾ 50 ಪೌಂಡು ಬಂಡವಾಳ ಹಾಕಿ, ಬಂದ ಲಾಭವನ್ನು ತಮ್ಮಲ್ಲಿ ಹಂಚಿಕೊಳ್ಳಬೇಕೆಂಬುದು ಕರಾರು. ನ್ಯೂಜಿಲೆಂಡಿನ ರಾಷ್ಟ್ರೀಯ ತಂಡಕ್ಕಿದ್ದ ‘ಆಲ್ ಬ್ಲ್ಯಾಕ್ಸ್’ ಎಂಬ ಹೆಸರನ್ನು ಅಣಕಿಸಿ, ಸಿಡ್ನಿಯ ಪತ್ರಿಕೆಗಳು ಇವರನ್ನು ‘ಆಲ್ ಗೋಲ್ಡ್ಸ್’, ಎಂದರೆ ಹೊನ್ನಿಗಾಗಿ ಆಡುವವರು, ಎಂದು ಕರೆದವು. ಸ್ವದೇಶದ ರಗ್ಬಿ ಸಂಸ್ಥೆಯು ಅವರಿಗೆ ಆಜೀವ ಬಹಿಷ್ಕಾರ ವಿಧಿಸಿತು. ತಂಡವು ಬ್ರಿಟನ್ನಿನ ಮೇಲಣ ಟೆಸ್ಟ್ ಸರಣಿಯನ್ನು 2–1ರಿಂದ ಗೆದ್ದಿತು. ಆದರೆ ಊರಿಗೆ ಮರಳುವ ಮುನ್ನವೇ, 1908ರ ಮೇ ತಿಂಗಳಲ್ಲಿ, ಬಾಸ್ಕರ್‌ವಿಲ್ ನ್ಯುಮೋನಿಯದಿಂದ ಬ್ರಿಸ್ಬೇನಿನಲ್ಲಿ ತೀರಿಕೊಂಡನು.

ಈ ತಂಡದಲ್ಲಿದ್ದ ಟಾಡ್ ಇಂಗ್ಲೆಂಡಿನಲ್ಲಿಯೇ ನಿಂತು ವಿಗನ್ ಸಂಘವನ್ನು ಸೇರಿದನು. 1909ರಲ್ಲಿ ಆ ಸಂಘವು ಓಲ್ಡಮ್ ತಂಡವನ್ನು ಸೋಲಿಸಿ ಲೀಗ್ ಪ್ರಶಸ್ತಿ ಪಡೆಯಿತು. 1914ರಲ್ಲಿ ಆತನು ಡ್ಯೂಸ್‌ಬರಿ ಸಂಘಕ್ಕೆ ವರ್ಗವಾದನು. ಬಹಿಷ್ಕೃತನಿಗೆ ಹಳೆಯ ರಗ್ಬಿಯ ಬಾಗಿಲು ಮುಚ್ಚಿತ್ತು. ಆದಕಾರಣ ಆಟದ ಬಲವೊಂದೇ ಅವನಿಗೆ ಆಧಾರವಾಗಿತ್ತು.

ಟಾಡನ ನಿಜವಾದ ಸಾಧನೆ ಆಟವಾಡುವುದನ್ನು ನಿಲ್ಲಿಸಿದ ಬಳಿಕ ಪ್ರಕಟವಾಯಿತು. 1928ರಲ್ಲಿ ಸಾಲ್ಫರ್ಡ್ ಸಂಘವು ಅವನನ್ನು ಕಾರ್ಯದರ್ಶಿ ಹಾಗೂ ವ್ಯವಸ್ಥಾಪಕನನ್ನಾಗಿ ನೇಮಿಸಿದಾಗ ಅದರ ತಂಡ ಅಂಕಪಟ್ಟಿಯ ಕೆಳಭಾಗದಲ್ಲಿದ್ದಿತು. ಮರುವರ್ಷ ಆತನು ಕಾರ್ಡಿಫ್‌ನಿಂದ ಹದಿಹರೆಯದ ಗಸ್ ರಿಸ್ಮನ್‌ನನ್ನು ಕರೆತಂದನು. ಸಾಲ್ಫರ್ಡ್ 1933, 1937 ಮತ್ತು 1939ರಲ್ಲಿ ಲೀಗ್ ಪ್ರಶಸ್ತಿಯನ್ನೂ, 1938ರಲ್ಲಿ ಬ್ಯಾರೋ ತಂಡವನ್ನು 7–4ರಿಂದ ಸೋಲಿಸಿ ಚಾಲೆಂಜ್ ಕಪ್ಪನ್ನೂ ಗಳಿಸಿತು. 1934ರಲ್ಲಿ ಫ್ರಾನ್ಸಿನಲ್ಲಿ ಪ್ರವಾಸ ಮಾಡಿದ ಈ ತಂಡಕ್ಕೆ ಅಲ್ಲಿಯ ಜನ ‘ಕೆಂಪು ಭೂತಗಳು’ ಎಂಬ ಬಿರುದನ್ನಿತ್ತರು. ಒಮ್ಮೆ ಕೂಲಿಯ ನಷ್ಟಕ್ಕೆ ಪರಿಹಾರವಾಗಿ ಬಂದ ಹಣವು, ಒಂದೇ ತಲೆಮಾರಿನಲ್ಲಿ, ಆಟವನ್ನು ಬಲ್ಲವನೊಬ್ಬನಿಗೆ ಜೀವನಪರ್ಯಂತದ ಉದ್ಯೋಗವನ್ನು ಒದಗಿಸಿತೆಂಬುದು ಗಮನಾರ್ಹ.

1942ರ ನವೆಂಬರಿನಲ್ಲಿ ಟಾಡ್ ರಸ್ತೆ ಅಪಘಾತದಲ್ಲಿ ಮಡಿದನು. 1946ರಿಂದ ಚಾಲೆಂಜ್ ಕಪ್ಪಿನ ಅಂತಿಮ ಪಂದ್ಯದ ಶ್ರೇಷ್ಠ ಆಟಗಾರನಿಗೆ ಅವನ ಹೆಸರಿನ ಪಾರಿತೋಷಕವನ್ನು ನೀಡಲಾಗುತ್ತಿದೆ. ಹಡರ್ಸ್‌ಫೀಲ್ಡಿನ ಸಭೆಗೆ ನೂರು ವರ್ಷ ತುಂಬುವ ಹೊತ್ತಿಗೆ, 1995ರ ಆಗಸ್ಟಿನಲ್ಲಿ, ರಗ್ಬಿ ಯೂನಿಯನ್ ಕೂಡ ಆಟಗಾರರ ವೇತನವನ್ನು ಅಂಗೀಕರಿಸಿತು. ಹೊನ್ನಿಗಾಗಿ ಆಡಿದವರೆಂಬ ಹಳೆಯ ನಿಂದೆಯನ್ನು ಅಳೆಯುವಾಗ, ಹೊನ್ನಿಲ್ಲದೆ ಆಡಬಲ್ಲವರು ಯಾರಾಗಿದ್ದರೆಂಬ ಪ್ರಶ್ನೆಯನ್ನೂ ಇತಿಹಾಸಕಾರನು ಕೇಳಬೇಕಾಗುತ್ತದೆ.