ಅರವತ್ತರ ಸುತ್ತಿಗೆ ಕಲ್ಲಿನ ಗೂಟ

ಕಾಲವು ಸುತ್ತಿ ಸುತ್ತಿ ಹೊರಟಲ್ಲಿಗೇ ಬಂದು ನಿಲ್ಲುವ ಕಥೆಗಳನ್ನು ಈಚಿನ ವಾಚಕರು ಬಲ್ಲರು. ಅವುಗಳಲ್ಲಿ ಒಂದು ಯಂತ್ರವೂ ಇರುವುದುಂಟು; ಸುತ್ತು ಕೆಡದಂತೆ ಕಾಯುವುದು ಅದರ ಕೆಲಸ. ನಮಗೆ ಇದು ಅಷ್ಟು ಹೊಸದಲ್ಲ. ಷಷ್ಟ್ಯಬ್ದಿ ಮಾಡಿಸಿಕೊಂಡ ಪ್ರತಿಯೊಬ್ಬ ಅಜ್ಜನೂ ತಾನು ಹುಟ್ಟಿದ ಸಂವತ್ಸರಕ್ಕೆ ಮರಳಿ ಬಂದವನೇ. ಪ್ರಭವದಿಂದ ಮೊದಲಾಗಿ ಅರವತ್ತು ಹೆಸರು, ಮುಗಿದರೆ ಮತ್ತೆ ಪ್ರಭವ. ಈ ಸುತ್ತನ್ನು ನಮ್ಮ ಹಿರಿಯರು ಗೂಟಕ್ಕೆ ಕಟ್ಟಿದ ಬಗೆಯನ್ನು ಕಾಣಬೇಕಾದರೆ ಶಿಕಾರಿಪುರ, ಸೊರಬ ತಾಲ್ಲೂಕುಗಳ ಶಾಸನಗಳ ಮುಂದೆ ನಿಲ್ಲಬೇಕು. ಬಿ. ಎಲ್. ರೈಸ್ ಅವರು ಶಿಕಾರಿಪುರದ ಶಾಸನಗಳನ್ನು ೧೯೦೨ರಲ್ಲಿಯೂ ಸೊರಬದವನ್ನು ೧೯೦೪ರಲ್ಲಿಯೂ ಎಪಿಗ್ರಾಫಿಯಾ ಕರ್ನಾಟಿಕಾದ ಏಳು, ಎಂಟನೆಯ ಸಂಪುಟಗಳಲ್ಲಿ ಪ್ರಕಟಿಸಿದರು.

ಗೂಟವಿಲ್ಲದ ಕಲ್ಲೂ ಇಲ್ಲಿಯೇ ಇದೆ. ತಾಳಗುಂದದ ಪ್ರಣವೇಶ್ವರನ ಮುಂದಿನ ಕಂಬದ ಮೇಲೆ ಕುಬ್ಜ ಕವಿ ಮಯೂರಶರ್ಮನ ಕಥೆಯನ್ನು ಸೊಗಸಾದ ಸಂಸ್ಕೃತದಲ್ಲಿ ಹೇಳಿದನು. ವರ್ಷವನ್ನು ಮಾತ್ರ ಹೇಳಲಿಲ್ಲ. ಅದರಿಂದಲೇ ಐದನೆಯ ಶತಮಾನವೆಂಬ ಅಂದಾಜಿನಲ್ಲಿ ನಾವು ತೃಪ್ತರಾಗಬೇಕಾಗಿದೆ. ಅಲ್ಲಿಂದ ಸ್ವಲ್ಪವೇ ದೂರದ ಬಳ್ಳಿಗಾವೆಗೆ ಬಂದರೆ ಸ್ಥಿತಿಯೇ ಬೇರೆ. ಅಲ್ಲಿಯ ದಾನಶಾಸನಗಳಲ್ಲಿ ಸಾಮಾನ್ಯವಾಗಿ ಶಕವರ್ಷ, ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ, ಅನೇಕ ವೇಳೆ ಸಂಕ್ರಾಂತಿಯೋ ಗ್ರಹಣವೋ ಒಂದರ ಬೆನ್ನಿಗೆ ಒಂದು ಬರುತ್ತವೆ. ಪುಣ್ಯಕಾಲದ ಸಡಗರ ಇದೆಂದು ನಾನೂ ಬಹುಕಾಲ ತಿಳಿದಿದ್ದೆ. ಸಡಗರವೂ ಹೌದು. ಆದರೆ ಒಂದು ಅಂಗ ತಪ್ಪಿದರೆ ಇನ್ನೊಂದು ಅದನ್ನು ಹಿಡಿಯುತ್ತದೆ. ಶಕವರ್ಷವನ್ನು ಕೆಲವರು ಕಳೆದ ವರ್ಷವೆಂದೂ ಕೆಲವರು ನಡೆಯುತ್ತಿರುವ ವರ್ಷವೆಂದೂ ಎಣಿಸುತ್ತಿದ್ದುದರಿಂದ ಒಂದು ವರ್ಷದ ತೊಡಕು ಸಹಜ. ಸಂವತ್ಸರದ ಹೆಸರು ಆ ತೊಡಕನ್ನು ಬಿಡಿಸುತ್ತದೆ. ಸಂವತ್ಸರ ಅರವತ್ತು ವರ್ಷಕ್ಕೊಮ್ಮೆ ಮರಳುತ್ತದಲ್ಲ, ಅದಕ್ಕೆ ವಾರವಿದೆ. ಅದೇ ಮಾಸದ ಅದೇ ತಿಥಿ ಅದೇ ವಾರಕ್ಕೆ ಬೀಳುವುದು ಸುಮಾರು ಏಳರಲ್ಲಿ ಒಂದು ಸಲ. ೧೮೯೬ರಲ್ಲಿ ಸ್ಯೂಯೆಲ್ ಮತ್ತು ಶಂಕರ ಬಾಲಕೃಷ್ಣ ದೀಕ್ಷಿತರೂ, ಆಮೇಲೆ ಸ್ವಾಮಿಕಣ್ಣು ಪಿಳ್ಳೆಯವರೂ ಸಿದ್ಧಪಡಿಸಿದ ಕೋಷ್ಟಕಗಳನ್ನು ತೆರೆದು ನಾವು ಇಂದು ಈ ತಾಳೆ ನೋಡುತ್ತೇವೆ.

ಸುತ್ತು ತಾನಾಗಿ ನಿಲ್ಲತಕ್ಕದ್ದಲ್ಲ. ಹನ್ನೆರಡು ಚಾಂದ್ರಮಾಸ ಸೇರಿದರೆ ೩೫೪ ದಿನ. ಸೂರ್ಯನಿಗೆ ಹನ್ನೊಂದು ದಿನ ಬಾಕಿ. ಹತ್ತೊಂಬತ್ತು ವರ್ಷಗಳಲ್ಲಿ ಏಳು ಅಧಿಕಮಾಸ ಹಾಕಿ ಆ ಸಾಲ ತೀರಿಸುತ್ತಾರೆ. ಇಲ್ಲದಿದ್ದರೆ ಯುಗಾದಿ ಮಳೆಗಾಲಕ್ಕೆ ಜಾರಿಬಿಡುತ್ತಿತ್ತು. ಗುರು ಒಂದು ರಾಶಿ ದಾಟಲು ಸುಮಾರು ೩೬೧ ದಿನ ತೆಗೆದುಕೊಳ್ಳುವುದರಿಂದ, ಗುರುವಿನ ಲೆಕ್ಕ ಹಿಡಿದ ಉತ್ತರದವರು ೮೫ ವರ್ಷಕ್ಕೊಂದರಂತೆ ಸಂವತ್ಸರವನ್ನು ಕೈಬಿಡುತ್ತಾರೆ. ದಕ್ಷಿಣದಲ್ಲಿ ಹತ್ತನೆಯ ಶತಮಾನದ ಮೊದಲಿನಿಂದ ಆ ಗೊಡವೆಯೇ ಇಲ್ಲ. ಗುರುವನ್ನು ಅವನ ಪಾಡಿಗೆ ಬಿಟ್ಟು ನಾವು ಹೆಸರಿನ ಸಾಲನ್ನು ಉಳಿಸಿಕೊಂಡೆವು. ಜ್ಯೋತಿಷಿಗಳು ಒಪ್ಪುವರೋ ಇಲ್ಲವೋ, ಶಾಸನ ಓದುವವನಿಗೆ ಇದು ದೊಡ್ಡ ಉಪಕಾರ.

ಅರಸರೂ ಈ ಸಾಲನ್ನು ಮುಟ್ಟಲಿಲ್ಲ. ಆರನೆಯ ವಿಕ್ರಮಾದಿತ್ಯ ೧೦೭೬ರಲ್ಲಿ ಶಕವರ್ಷವನ್ನೇ ಬದಿಗೊತ್ತಿ ಚಾಲುಕ್ಯವಿಕ್ರಮವರ್ಷವನ್ನು ನಡೆಸಿದನು. ಬಳ್ಳಿಗಾವೆಯ ಶಾಸನಗಳೂ ಹಾಗೆಯೇ ಎಣಿಸತೊಡಗಿದವು. ಆದರೆ ಮೊದಲ ವರ್ಷ ನಳ, ಎರಡನೆಯದು ಪಿಂಗಳ, ಹೆಸರುಗಳು ಕದಲಲಿಲ್ಲ. ಐವತ್ತು ವರ್ಷ ಆಳಿದ ಆ ಚಕ್ರವರ್ತಿಗೆ ಇನ್ನೊಂದು ನಳವನ್ನು ಕಾಣುವ ಯೋಗವಿರಲಿಲ್ಲ. ಅದು ೧೧೩೬ರಲ್ಲಿ, ಅವನು ತೀರಿಹೋದ ಹತ್ತು ವರ್ಷದ ಮೇಲೆ ಬಂತು. ಅವನ ಶಕೆ ನಿಂತುಹೋಯಿತು. ಅದನ್ನು ಬೇರೆ ಲೆಕ್ಕಕ್ಕೆ ಹೊಂದಿಸಲು ಇಂದಿಗೂ ನೆರವಾಗುವುದು ಆ ಅರವತ್ತು ಹೆಸರುಗಳೇ.

ಇಷ್ಟೆಲ್ಲ ಭದ್ರತೆ ಕಲ್ಲು ಉಳಿದರೆ ಮಾತ್ರ. ಸೊರಬ ತಾಲ್ಲೂಕಿನ ಒಂದು ಕೆರೆಯ ಏರಿಯ ಮೇಲೆ ಈಚೆಗೆ ಒಂದು ವೀರಗಲ್ಲನ್ನು ನೋಡಿದೆ. ಮೇಲಿನ ಸಾಲು ಸವೆದು ನುಣ್ಣಗಾಗಿತ್ತು. ಉಳಿದದ್ದು ‘ಪ್ಲವ’ ಎಂಬ ಎರಡಕ್ಷರ, ಮತ್ತೆ ಅಲ್ಲಲ್ಲಿ ಒಂದೊಂದು ಒತ್ತು. ಪ್ಲವವೆಂದರೆ ೧೦೬೧, ಚಾಲುಕ್ಯ ಸೋಮೇಶ್ವರನ ಕಾಲ, ೧೧೨೧ ಆದರೆ ವಿಕ್ರಮಾದಿತ್ಯನದು, ೧೧೮೧ ಕಳಚುರಿಗಳದು, ೧೨೪೧ ಸೇವುಣ ಸಿಂಘಣನದು, ೧೩೬೧ ಎಂದರೆ ವಿಜಯನಗರದ ಬುಕ್ಕರಾಯನದು. ಅಕ್ಷರಗಳು ಹೆಚ್ಚು ಉಳಿದಿದ್ದರೆ ಅವುಗಳ ರೂಪದಿಂದ ಶತಮಾನವನ್ನಾದರೂ ಊಹಿಸಬಹುದಿತ್ತು. ಈತ ದನ ಬಿಡಿಸಲು ಹೋಗಿ ಸತ್ತನೆಂಬುದು ಕೆಳಗಿನ ಚಿತ್ರದಿಂದ ಸ್ಪಷ್ಟ; ಯಾರ ಕಾಲದಲ್ಲಿ ಸತ್ತನೆಂದು ಹೇಳುವಂತಿಲ್ಲ.

ನಾನು ಗೊಣಗಿಕೊಳ್ಳುವುದನ್ನು ಕೇಳಿ ಪಕ್ಕದ ಗದ್ದೆಯವರು ಹತ್ತಿರ ಬಂದರು. ‘ನಾನೂ ಪ್ಲವದಾಗೆ ಹುಟ್ಟಿದೋನಂತೆ, ನಮ್ಮವ್ವ ಹೇಳೋಳು. ಮೊನ್ನೆ ಕೊರೊನಾ ವರ್ಷ ಮತ್ತೆ ಪ್ಲವ ಬಂದಿತ್ತಲ್ರಾ? ಹಂಗಾರೆ ಇವ್ನಿಗೂ ನನಗೂ ಎಷ್ಟು ಸುತ್ತು ಫರಕು ಸಾರ್?’ ಎಂದರು.

ಹದಿಮೂರು ಇದ್ದೀತು, ಹದಿನೈದು ಇದ್ದೀತು ಎಂದೆ. ವಾರ ಸಿಕ್ಕಿದ್ದರೆ ಹೇಳಬಹುದಿತ್ತು ಎಂದೂ ಸೇರಿಸಿ, ಆ ಸಾಲು ಹೇಗೆ ಸವೆಯಿತೆಂದು ಕೇಳಿದೆ. ಅವರು ಸ್ವಲ್ಪ ನಾಚಿಕೊಂಡು ಕಲ್ಲಿನ ಮೇಲಂಚನ್ನು ಸವರಿದರು. ಕೊಯ್ಲಿನ ಕಾಲದಲ್ಲಿ ಊರವರೆಲ್ಲ ಕುಡುಗೋಲು ಮಸೆಯುವುದು ಅಲ್ಲಿಯೇ.